ಮೂರನೇ ಸುತ್ತಿನ ನಲವತ್ತೊಂದನೆಯವಳು

ಕಂತು ೭

“ಯಾರೂ ಏನನ್ನೂ ಮುಟ್ಟಬೇಡಿ. ಆ ಕಡಲೆಕಾಯಿ ತಟ್ಟೆ ಮಾತ್ರ ಈ ಕಡೆ ಸರಿಸಿ,” ಎಂದರು ತುಳಸಿಮಣಿ ಟೀಚರ್.

ಸರಿಸಿದವನು ನಾನು. ಬೇಯಿಸಿದ ಕಾಯಿ, ಇನ್ನೂ ಹಬೆಯಾಡುತ್ತಿತ್ತು. ಟೀಚರ್ ಒಂದನ್ನು ಬಿಡಿಸಿ ಬಾಯಿಗೆ ಹಾಕಿಕೊಂಡು, ಹಣೆಯ ಮೇಲಿದ್ದ ಕನ್ನಡಕವನ್ನು ಮೂಗಿಗಿಳಿಸಿ ಕಂಪ್ಯೂಟರಿನ ಮುಂದೆ ಕೂತರು.

ಮೂವತ್ತೊಂದು ವರ್ಷ ಟೈಪಿಂಗ್ ಕಲಿಸಿದವರು ಅವರು. ನಮ್ಮೂರು ಕರಟ್ಟುಪಾಳೆಯದ ಸುತ್ತಮುತ್ತ ಸರಕಾರಿ ಕೆಲಸ ಹಿಡಿದವರಲ್ಲಿ ಅರ್ಧ ಜನರ ಬೆರಳುಗಳು ಅವರ ಸ್ಕೇಲಿನ ರುಚಿ ಕಂಡಿವೆ. ಈಗ ಕಲಿಸುವುದು ಕಡಿಮೆ. ಎಲ್ಲಾದರೂ ಯಂತ್ರ ಮುನಿಸಿಕೊಂಡರೆ ಜನ ಓಡಿ ಬರುವುದು ಮಾತ್ರ ಅವರ ಬಳಿಗೇ. ಅವರ ಇನ್‌ಸ್ಟಿಟ್ಯೂಟಿನ ಗೋಡೆಗೆ ಆತುಕೊಂಡೇ ನನ್ನ ಹೊಲಿಗೆ ಅಂಗಡಿ ಇದೆ. ಹಾಗಾಗಿ ಅವರು ಪತ್ತೆಗೆ ಹೊರಟಾಗಲೆಲ್ಲ ಕರೆಯದಿದ್ದರೂ ಹಿಂದೆ ಹೋಗುವವನು ನಾನು, ಟೈಲರ್ ಕುಳಂದೈವೇಲು.

ನಿನ್ನೆ ಸಂಜೆಯವರೆಗೆ ಸರಿಯಿದ್ದ ವಳ್ಳಿ ಕುಮ್ಮಿಯ ಪಟ್ಟಿಯನ್ನು ಈ ಬೆಳಿಗ್ಗೆ ತೆರೆದರೆ, ಮುನ್ನೂರ ಅರವತ್ತು ಜನ ಕುಣಿಯುವವರ ಜಾಗದ ಅಂಕಿಗಳೆಲ್ಲ ಮಾಯವಾಗಿ, ಎಲ್ಲರ ಹೆಸರಿನ ಎದುರಿಗೂ #VALUE! ಎಂಬ ಒಂದೇ ಬೈಗುಳ ಕೂತಿತ್ತು.

ನಾಳೆ ಬೆಳಗಾದರೆ ಅರಂಗೇಟ್ರ, ಊರೆದುರಿಗೆ ಮೊದಲ ಕುಣಿತ. ಕಡಲೆಕಾಯಿ ಕಿತ್ತು ಹಸನು ಮಾಡಿದ ಹೊಲದಲ್ಲಿ ಹದಿನಾಲ್ಕು ಊರಿನ ಹೆಂಗಸರು ಐದು ಸುತ್ತು ಕಟ್ಟಿ, ವಳ್ಳಿಗೂ ಮುರುಗನಿಗೂ ಮದುವೆಯಾದ ಕತೆಯನ್ನು ಚಪ್ಪಾಳೆ ತಟ್ಟಿ ಹಾಡಬೇಕು. ಯಾರ ಪಕ್ಕ ಯಾರು, ಯಾವ ಸುತ್ತಿನಲ್ಲಿ ಎಷ್ಟನೆಯವರು ಎಂಬುದೆಲ್ಲ ಆ ಪಟ್ಟಿಯಲ್ಲಿ ಮಾತ್ರ ಇತ್ತು. ನಿನ್ನೆವರೆಗಿನ ಕಾಗದಗಳು ಯಾವುದಕ್ಕೂ ಬರುವಂತಿರಲಿಲ್ಲ; ಕೊನೆಯ ಗಳಿಗೆಯಲ್ಲಿ ಬಂದು ಸೇರಿದವರು, ಬಿಟ್ಟುಹೋದವರು ಎಂದು ಅರ್ಧಕ್ಕರ್ಧ ಅದಲುಬದಲಾಗಿತ್ತು.

“ಟೀಚರಮ್ಮ, ನಾನೊಂದು ಮಾತು ಹೇಳಿಬಿಡ್ತೀನಿ,” ಎಂದರು ಬಾಗಿಲಲ್ಲಿ ನಿಂತಿದ್ದ ಸೆನ್ನಿಯಪ್ಪನ್. ಪಂಚಾಯಿತಿಯ ಅಧ್ಯಕ್ಷಗಿರಿ ಹೋಗಿ ಆರು ವರ್ಷವಾದರೂ ಊರಿಗೆಲ್ಲ ಅವರು ‘ತಲೈವರ್’. ಕುಮ್ಮಿ ಸಮಿತಿಗೂ ಅವರೇ ಮುಖ್ಯಸ್ಥರು. “ಸಂಜೆ ಐದಕ್ಕೆ ಪಟ್ಟಿ ಗೋಡೆಗೆ ಅಂಟಬೇಕು. ಅಂಟಲಿಲ್ಲವೋ, ಯಾರನ್ನ ಎಲ್ಲಿ ಅಂತ ನಿಲ್ಲಿಸೋದು ನಾನು. ನನಗೆ ತೋಚಿದ ಹಾಗೆ. ಈ ಅಮ್ಮಿಣಿ ಮಾತ್ರ ಸುತ್ತಿನಲ್ಲಿ ನಿಲ್ಲೋ ಹಾಗಿಲ್ಲ.”

ಅಮ್ಮಿಣಿ ಎಂದರೆ ನಮ್ಮ ಕಡೆ ಹುಡುಗಿ; ಈ ಅಮ್ಮಿಣಿ ಎಂದರೆ ಪೂಂಗೊಡಿ. ಊರಿಗೆ ಸೊಸೆಯಾಗಿ ಬಂದು ಎರಡು ವರ್ಷ. ಸಮುದಾಯ ಭವನದ ಈ ಕೋಣೆಯಲ್ಲಿ ಕೂತು ಜನರಿಗೆ ಅರ್ಜಿ ತುಂಬಿಸಿಕೊಡುವ ಹುಡುಗಿ. ಪಟ್ಟಿಯನ್ನು ಕಂಪ್ಯೂಟರಿಗೆ ಹಾಕೋಣ ಎಂದವಳು ಅವಳೇ, ಹಾಕಿದವಳೂ ಅವಳೇ. ಮೂರು ತಿಂಗಳಿಂದ ಅಂಗೈ ಕೆಂಪಾಗುವಂತೆ ತಾಲೀಮು ಮಾಡಿದವಳು.

“ಅವಳೇನು ಮಾಡಿದಳು, ತಲೈವರೇ?” ಎಂದರು ಟೀಚರ್.

“ಯಂತ್ರ ತಂದು ಕೂರಿಸಿದವಳು ಯಾರು? ಕೆಟ್ಟರೆ ಹೊಣೆ ಯಾರದು?”

“ನಿಮ್ಮ ಬೋರ್‌ವೆಲ್ ಕೆಟ್ಟಾಗ ಪಂಪು ಮಾರಿದವನನ್ನ ಹೊಲದಿಂದ ಓಡಿಸಿದ್ದಿರಾ?”

ಕಿಟಕಿಯಾಚೆಯಿಂದ ಯಾರೋ ಕಿಸಕ್ಕೆಂದರು. ಹೊರಗೆ ನೆರಳಲ್ಲಿ ಹತ್ತಿಪ್ಪತ್ತು ಹೆಂಗಸರು ತಾಲೀಮಿನ ನೆಪ ಹೇಳಿಕೊಂಡು ನಮ್ಮ ಮಾತಿಗೇ ಕಿವಿ ಕೊಟ್ಟು ನಿಂತಿದ್ದರು.

ನನಗೆ ಒಂದೇ ವಿಷಯ ವಿಚಿತ್ರವಾಗಿ ಕಂಡಿತು. ‘ಸುತ್ತಿನಲ್ಲಿ ನಿಲ್ಲೋ ಹಾಗಿಲ್ಲ’ ಎಂದಾಗ ಪೂಂಗೊಡಿಯ ಮುಖ ಬಾಡಲೇ ಇಲ್ಲ. ಪಟ್ಟಿ ಕೆಟ್ಟದ್ದಕ್ಕೆ ಬೆಳಿಗ್ಗೆಯಿಂದ ಅತ್ತು ಕಣ್ಣು ಊದಿಸಿಕೊಂಡವಳು, ತನ್ನ ಜಾಗ ಹೋಗುತ್ತದೆ ಎಂದಾಗ ಮಾತ್ರ ಸುಮ್ಮನೆ ಕಡಲೆಕಾಯಿ ಸಿಪ್ಪೆ ಗುಡ್ಡೆ ಮಾಡುತ್ತಿದ್ದಳು.

“ಇದೇನು ಭಾಷೆ ಟೀಚರ್, ಹೀಗೆ ಕಿರುಚ್ತಾ ಇದೆ?” ಎಂದು ನಾನು ಪರದೆಗೆ ಬೆರಳು ತೋರಿಸಿದೆ.

“ಕಿರುಚೋದಲ್ಲ ಟೈಲರೇ, ಗೋಳು ಹೇಳಿಕೊಳ್ಳೋದು. ಪಾಪದ್ದು, ಅದಕ್ಕೆ ಬರೋದೇ ನಾಲ್ಕೈದು ಮಾತು. N/A ಅಂದ್ರೆ, ನೀವು ಹೇಳಿದವರನ್ನ ಹುಡುಕಿದೆ, ಸಿಗಲಿಲ್ಲ ಅಂತ. REF ಅಂದ್ರೆ, ನೀವು ತೋರಿಸಿದ ಮನೆಯನ್ನೇ ಯಾರೋ ಕಿತ್ತು ಹಾಕಿದ್ದಾರೆ ಅಂತ. ಇದು VALUE. ಗುಣಿಸೋಕೆ ಅಂಕಿ ಕೊಡು ಅಂದ್ರೆ ಯಾರೋ ಅಂಕಿಯಲ್ಲದ್ದನ್ನ ಕೈಗಿಟ್ಟಿದ್ದಾರೆ.”

“ರವಿಕೆಗೆ ಎಷ್ಟು ಬಟ್ಟೆ ಅಂತ ಕೇಳಿದ್ರೆ ಮಲ್ಲಿಗೆ ಅಂದ ಹಾಗೆ.”

“ಅಷ್ಟೇ.” ಟೀಚರ್ ಹುಡುಗಿಯ ಕಡೆ ತಿರುಗಿದರು. “ಕಂದಾ, ಜಾಗ ಹೇಗೆ ಎಣಿಸಿದ್ದೀಯ, ನಿಧಾನವಾಗಿ ಹೇಳು.”

“ಒಳಸುತ್ತಿಗೆ ಇಪ್ಪತ್ತನಾಲ್ಕು ಜನ ಟೀಚರ್. ಅದರಾಚೆ ನಲವತ್ತೆಂಟು, ಆಮೇಲೆ ಎಪ್ಪತ್ತೆರಡು, ಹೀಗೇ ಐದು ಸುತ್ತು. ಇಪ್ಪತ್ತನಾಲ್ಕು ಅನ್ನೋದನ್ನ ಒಂದೇ ಕಡೆ ಬರೆದಿದ್ದೀನಿ. ಮಿಕ್ಕವೆಲ್ಲ ಅದನ್ನ ನೋಡಿಕೊಂಡು ತಾವೇ ಎಣಿಸಿಕೊಳ್ತವೆ.”

“ಎಲ್ಲಿ ಬರೆದಿದ್ದೀಯ?”

“ಎಡಗಡೆ ತುತ್ತತುದಿ, ಮೊದಲನೇ ಮನೆಯಲ್ಲಿ. ಕಾಗದದ ಮೇಲೆ ಅಚ್ಚಾಗಬಾರದು ಅಂತ ಅಂಕಿಗೆ ಬಿಳಿ ಬಣ್ಣ ಕೊಟ್ಟಿದ್ದೀನಿ. ಬಿಳಿ ಹಾಳೆ ಮೇಲೆ ಬಿಳಿ. ಯಾರಿಗೂ ಕಾಣಲ್ಲ. ಬೆಳಿಗ್ಗೆ ನೋಡಿದೆ, ಎಂದಿನ ಹಾಗೆ ಖಾಲಿಯಾಗೇ ಇದೆ.”

ಟೀಚರ್ ತುಟಿಯಂಚಿನಲ್ಲಿ ನಕ್ಕರು. ಆ ನಗು ನನಗೆ ಗೊತ್ತು. ದಾರ ಎಲ್ಲಿ ಸಿಕ್ಕುಬಿದ್ದಿದೆ ಎಂದು ಬೆರಳಿಗೆ ತಿಳಿದಾಗ ನನಗೂ ಹಾಗೇ ಆಗುತ್ತದೆ. ಅವರು ನನ್ನ ಹೆಗಲ ಮೇಲಿದ್ದ ಟವೆಲ್ ತೆಗೆದು ಪರದೆಯ ಮೇಲೆ ಹೊದಿಸಿಬಿಟ್ಟರು.

“ಏನಾಗಿದೆ ಅಂತ ಗೊತ್ತಾಯ್ತು. ಈಗ್ಲೇ ಸರಿಮಾಡಿದ್ರೆ, ‘ನೋಡಿ, ಇವಳೇ ಕೆಡಿಸಿದ್ದು, ಟೀಚರ್ ಮುಚ್ಚಿಹಾಕಿದ್ರು’ ಅಂತೀರಿ. ಮೊದಲು ಯಾರು ಅನ್ನೋದು ಆಗಲಿ. ನಿನ್ನೆವರೆಗಿನ ಕಾಗದಗಳು ಎಲ್ಲಿ?”

ಪೂಂಗೊಡಿ ಕಪಾಟಿನಿಂದ ಒಂದು ಕಟ್ಟು ತಂದಳು. ದಿನಕ್ಕೊಂದು ಪಟ್ಟಿ ಅಚ್ಚುಹಾಕಿ, ಕುಮ್ಮಿ ಕಲಿಸುವ ಚೆಲ್ಲಮುತ್ತು ವಾದ್ಯಾರಿಗೆ ತೋರಿಸಿ, ಅವರು ತಲೆಯಾಡಿಸಿದ ಮೇಲೆ ಕಪಾಟಿಗೆ ಸೇರಿಸುವುದು ರೂಢಿ. ಟೀಚರ್ ಒಂದೊಂದನ್ನೇ ಕಿಟಕಿಯ ಬೆಳಕಿಗೆ ಹಿಡಿದರು. ನಡುನಡುವೆ ಕಡಲೆಕಾಯಿಯೂ ನಡೆದಿತ್ತು. ಸೆನ್ನಿಯಪ್ಪನ್ ಎರಡು ಸಲ ಗಡಿಯಾರ ನೋಡಿದರು. ಮೂರೂಕಾಲು.

“ತಲೈವರೇ, ನಿನ್ನೆ ಸಂಜೆ ಎಲ್ಲಿದ್ದಿರಿ?”

“ನಾನಾ?” ಅವರ ಮೀಸೆ ಅಲುಗಿತು. “ನನ್ನ ಮೇಲೇ ಅನುಮಾನವಾ?”

“ನಿಮ್ಮ ಸೊಸೆಯರಿಬ್ಬರನ್ನೂ ಒಳಸುತ್ತಿಗೆ ಹಾಕು ಅಂತ ಇವಳಿಗೆ ಮೂರು ಸಲ ಹೇಳಿ ಕಳಿಸಿದ್ದಿರಂತೆ. ಎತ್ತರ ನೋಡಿ ಇವಳು ನಾಲ್ಕನೇ ಸುತ್ತಿಗೆ ಹಾಕಿದ್ದಾಳೆ. ಪಟ್ಟಿ ಕೆಟ್ಟರೆ ನಿಲ್ಲಿಸೋದು ನೀವು. ಆಗ ಸೊಸೆಯರು ಎಲ್ಲಿರ್ತಾರೆ?”

ಕಿಟಕಿಯಾಚೆ ನೆಪಕ್ಕೆ ನಡೆದಿದ್ದ ಚಪ್ಪಾಳೆಯೂ ನಿಂತುಹೋಯಿತು.

“ಟೀಚರಮ್ಮ, ಆ ಪೆಟ್ಟಿಗೆಯನ್ನ ನಾನು ಜನ್ಮದಲ್ಲಿ ಮುಟ್ಟಿಲ್ಲ. ಒಂದು ಸಲ ಬೆರಳಿಟ್ಟಿದ್ದಕ್ಕೆ ನನ್ನ ಮೊಬೈಲೇ ಚೀನಾ ಭಾಷೆಗೆ ತಿರುಗಿಹೋಯ್ತು. ಎರಡು ತಿಂಗಳು ಯಾರ ಫೋನು ಅಂತ ಗೊತ್ತಾಗದೆ ಎತ್ತಿದ್ದೀನಿ. ಸಾಲ ಕೇಳೋರ ಫೋನನ್ನೂ!”

ಈ ಸಲ ಕಿಟಕಿಯಾಚೆಯವರು ಮುಚ್ಚುಮರೆಯಿಲ್ಲದೆ ನಕ್ಕರು. ಟೀಚರೂ ನಕ್ಕರು. “ನಂಬಿದೆ. ಈ ಕೆಲಸ ಮಾಡಿದವರು ಕೆಡಿಸಬೇಕು ಅಂತ ಮಾಡಿದವರೇ ಅಲ್ಲ. ಟೈಲರೇ, ವಾದ್ಯಾರನ್ನ ಕರೀರಿ.”

ಚೆಲ್ಲಮುತ್ತು ವಾದ್ಯಾರ್ ಬೇವಿನ ಮರದ ಕೆಳಗೆ ಗೆಜ್ಜೆಗೆ ಹೊಸ ದಾರ ಪೋಣಿಸುತ್ತ ಕೂತಿದ್ದರು. ಎಪ್ಪತ್ತನಾಲ್ಕು ವರ್ಷ. ಬಿಳಿ ಕೂದಲನ್ನು ಹಿಂದಕ್ಕೆ ಗಂಟುಕಟ್ಟಿದ, ಕಡ್ಡಿಯಂಥ ಮನುಷ್ಯ. ಕುಣಿಯಲು ನಿಂತರೆ ಮಾತ್ರ ನೆಲ ಅವರದು. ನಾನು ಕರೆದೊಡನೆ ಎದ್ದು ಬಂದು, ಕೋಣೆಯೊಳಗೆ ಟವೆಲ್ ಹೊದ್ದ ಕಂಪ್ಯೂಟರ್ ಕಂಡು ಗಾಬರಿಯಾದರು.

“ಅಯ್ಯೋ, ಹೋಗೇಬಿಡ್ತಾ?”

“ಇನ್ನೂ ಇಲ್ಲ ಅಣ್ಣಾ, ಕೂತ್ಕೊಳ್ಳಿ. ಕಾಯಿ ತಿನ್ನಿ.” ಟೀಚರ್ ಕಾಗದಗಳನ್ನು ಅವರ ಮುಂದೆ ಹರಡಿದರು. “ಇದು ಸೋಮವಾರದ್ದು. ನೆತ್ತಿಯ ಮೇಲೆ ಅರಿಸಿನದಲ್ಲಿ ಏನಿದೆ?”

“ಪಿಳ್ಳೈಯಾರ್ ಸುಳಿ. ನಾನೇ ಹಾಕಿದ್ದು.”

“ಮಂಗಳವಾರದ್ದು?”

“ಅದೂ ನಾನೇ. ಗಣಪನಿಗೊಂದು ಸುಳಿ ಹಾಕದೆ ಬರೆದ ಕಾಗದವೂ ಒಂದು ಕಾಗದವಾ? ನಮ್ಮಪ್ಪ ದಿನಸಿ ಚೀಟಿಗೂ ಹಾಕೋರು.”

“ಗೊತ್ತು. ನೀವು ಬಸ್ ಟಿಕೆಟಿನ ಮೇಲೆ ಹಾಕಿದ್ದನ್ನೂ ನೋಡಿದ್ದೀನಿ. ಬುಧವಾರದ್ದರಲ್ಲೂ ಇದೆ. ಈಗ ಇದು ನೋಡಿ, ಈ ಬೆಳಿಗ್ಗೆ ಪೂಂಗೊಡಿ ನಿಮ್ಮ ಕೈಗೆ ಕೊಟ್ಟಿದ್ದು. ಇದರಲ್ಲಿ?”

ನಾವೆಲ್ಲ ಬಗ್ಗಿ ನೋಡಿದೆವು. ಹಾಳೆಯ ತುಂಬ ಆ ಬೈಗುಳ. ನೆತ್ತಿ ಮಾತ್ರ ಬರಿದು. ಅರಿಸಿನದ ಒಂದು ಚುಕ್ಕೆಯೂ ಇಲ್ಲ.

“ಐವತ್ತು ವರ್ಷ ತಪ್ಪಿಸದವರು ಇವತ್ತು ಯಾಕೆ ಬಿಟ್ಟಿರಿ, ಅಣ್ಣಾ?”

ವಾದ್ಯಾರರ ಕೈಯಲ್ಲಿದ್ದ ಕಡಲೆಕಾಯಿ ಬಾಯಿಯ ಬಳಿಯೇ ನಿಂತಿತು. ಮೊದಲು ಸೆನ್ನಿಯಪ್ಪನ್ ಕಡೆ, ಆಮೇಲೆ ಹುಡುಗಿಯ ಕಡೆ, ಕೊನೆಗೆ ಟವೆಲಿನ ಕಡೆ ನೋಡಿದರು.

“ಅದು... ದಿನಾ ಕಾಗದಕ್ಕೆ ಹಾಕ್ತಾ ಇದ್ನಲ್ಲ ಟೀಚರ್. ಕಾಗದ ಅನ್ನೋದು ಮಗು. ತಾಯಿ ಇರೋದು ಈ ಪೆಟ್ಟಿಗೆಯೊಳಗೆ. ತಾಯಿಗೇ ಹಾಕಿಬಿಟ್ರೆ ಹುಟ್ಟೋ ಮಕ್ಕಳಿಗೆಲ್ಲ ಬಂತಲ್ಲ ಅಂತ...”

“ತಾತಾ!” ಎಂದಳು ಪೂಂಗೊಡಿ.

“ನೀನು ನಿನ್ನೆ ಹೂವು ತರೋಕೆ ಹೋಗಿದ್ದೆ ಕಣಮ್ಮ. ಕೋಣೆ ತೆರೆದಿತ್ತು. ಪರದೆಯಲ್ಲಿ ಪಟ್ಟಿ ಇತ್ತು. ಆ ಹಲಗೆಯ ಕೀಲಿಗಳ ಮೇಲೆಲ್ಲ ಅಕ್ಷರ ಅಂಟಿಸಿದ್ದೀಯಲ್ಲ? ಅಷ್ಟು ಜನರಲ್ಲಿ ನನಗೆ ಪರಿಚಯದವನು ಸುಳಿಯ ಹಾಗೇ ಇರೋ ತಮಿಳು ‘ಉ’ ಅಕ್ಷರದವನೊಬ್ಬನೇ. ತುತ್ತತುದಿಯ ಮನೆ ಖಾಲಿ ಇತ್ತು. ಒತ್ತಿದೆ. ಕಾಣಲಿಲ್ಲ. ಇನ್ನೊಂದು ಸಲ ಒತ್ತಿದೆ. ಆಗಲೂ ಕಾಣಲಿಲ್ಲ. ಸರಿ, ಒಳಗೆ ಇಳಿದಿದೆ, ಸಾಮಿಗೆ ಕಂಡರೆ ಸಾಕು ಅಂದುಕೊಂಡು ದೊಡ್ಡ ಕೀಲಿಯೊಂದನ್ನ ಒತ್ತಿ, ಕೈಮುಗಿದು ಬಂದೆ.”

ಟೀಚರ್ ಟವೆಲ್ ಎಳೆದರು. ಎಡ ತುದಿಯ ಖಾಲಿ ಮನೆಯ ಮೇಲೆ ಒತ್ತಿ, ಮನೆಯೊಳಗಿರುವುದನ್ನು ತೋರಿಸುವ ಮೇಲಿನ ಉದ್ದನೆಯ ಸಾಲಿಗೆ ಬೆರಳು ತೋರಿಸಿದರು. ಬಿಳಿಯ ಮೇಲೆ ಬಿಳಿಯಾಗಿ ಮರೆಯಾಗಿದ್ದದ್ದು ಅಲ್ಲಿ ಕಪ್ಪಗೆ, ದುಂಡಗೆ ಕಾಣಿಸಿತು. ಒಂದರ ಪಕ್ಕ ಒಂದು, ಎರಡು ಸುಳಿಗಳು.

“ಇಪ್ಪತ್ತನಾಲ್ಕು ಇದ್ದ ಕಡೆ ಗಣಪ ಕೂತಿದ್ದಾನೆ,” ಎಂದರು. “ಯಂತ್ರ ಗಣಪನನ್ನ ಎರಡರಿಂದ ಗುಣಿಸೋದು ಹೇಗೆ, ಮೂರರಿಂದ ಗುಣಿಸೋದು ಹೇಗೆ ಅಂತ ರಾತ್ರಿಯೆಲ್ಲ ಒದ್ದಾಡಿದೆ. ಅದಕ್ಕೇ ಅಳ್ತಾ ಇದೆ.”

ಮೊದಲು ಸೆನ್ನಿಯಪ್ಪನ್ ಅವರ ಹೊಟ್ಟೆ ಕುಲುಕಿತು. ಆ ಕುಲುಕಾಟ ಮೀಸೆಗೆ ಹತ್ತಿ, ಬಾಯಿ ತೆರೆದು, ಕಣ್ಣಲ್ಲಿ ನೀರು ಬರುವವರೆಗೆ ಅವರು ನಕ್ಕರು. ಹೊರಗಿನ ಹೆಂಗಸರು ಕಿಟಕಿಯ ಸರಳು ಹಿಡಿದುಕೊಂಡು, “ವಾದ್ಯಾರೇ, ನಿಮ್ಮಿಂದ ನಮ್ಮೆಲ್ಲರ ಜಾಗಕ್ಕೂ ಗಣಪನೇ ಬಂದು ಕೂತುಬಿಟ್ಟನಲ್ಲ!” ಎಂದು ಕೂಗಿದರು.

ವಾದ್ಯಾರ್ ಮಾತ್ರ ಎರಡು ಕೈಯನ್ನೂ ಟೀಚರ್ ಮುಂದೆ ಚಾಚಿ ನಿಂತುಬಿಟ್ಟಿದ್ದರು. “ಹೊಡೀರಿ. ಸ್ಕೇಲು ತಗೊಳ್ಳಿ. ಆ ಮಗು ಬೆಳಿಗ್ಗೆಯಿಂದ ನನ್ನ ದೆಸೆಯಿಂದ ಬೈಸಿಕೊಂಡಿದೆ.”

“ಕುಣಿಯೋ ಕೈಗೆ ಹೊಡೆದು ನಾನೆಲ್ಲಿ ಹೋಗಲಿ? ಈ ಕಡೆ ಬನ್ನಿ. ನೋಡಿ, ಹಾಳೆಯ ನೆತ್ತಿಗೆ ಅಂತ ಬೇರೆಯೇ ಜಾಗ ಇದೆ. ಅದು ಲೆಕ್ಕಕ್ಕೆ ಬರೋದಿಲ್ಲ, ಎಲ್ಲಾ ಕಾಗದಕ್ಕೂ ಬರುತ್ತೆ. ನಿಮ್ಮ ಬೆರಳಿಂದಲೇ ಒತ್ತಿ.”

ವಾದ್ಯಾರ್ ತಮ್ಮ ಪರಿಚಯದವನನ್ನು ಹುಡುಕಿ, ಉಸಿರು ಬಿಗಿಹಿಡಿದು ಒತ್ತಿದರು. ಹಾಳೆಯ ನೆತ್ತಿಯ ನಡುವೆ ಸುಳಿ ಕಪ್ಪಗೆ ಮೂಡಿತು. ಅವರು ಪರದೆಯನ್ನು ಮುಟ್ಟಿ ಕಣ್ಣಿಗೊತ್ತಿಕೊಂಡರು.

ಆಮೇಲೆ ಟೀಚರ್ ಮೊದಲನೇ ಮನೆಗೆ ಹೋಗಿ, ಅಲ್ಲಿದ್ದದ್ದನ್ನು ಅಳಿಸಿ, ಎರಡು ಬೆರಳಲ್ಲಿ ೨೪ ಒತ್ತಿದರು. ಗಾಳಿ ಬಂದರೆ ರಾಗಿ ತೆನೆ ಒಂದು ಕಡೆಯಿಂದ ಇನ್ನೊಂದು ಕಡೆಗೆ ಬಾಗುತ್ತಲ್ಲ, ಹಾಗೆ ಮೇಲಿಂದ ಕೆಳಗಿನವರೆಗೆ ಬೈಗುಳಗಳು ಸರಿದು ಅಂಕಿಗಳು ಬಂದವು. ಒಂದು, ಎರಡು, ಮೂರು. ಪೂಂಗೊಡಿ ಎದ್ದು ನಿಂತು ಚಪ್ಪಾಳೆ ತಟ್ಟಿದಳು. ಅದು ಕುಮ್ಮಿಯ ತಾಳಕ್ಕೇ ಬಿತ್ತು. ಕಿಟಕಿಯಾಚೆಯವರು ಅದನ್ನೆತ್ತಿಕೊಂಡು ಹಾಡಿಯೇಬಿಟ್ಟರು. ನನ್ನ ಕಾಲೂ ಸುಮ್ಮನಿರಲಿಲ್ಲ ಎಂದು ಒಪ್ಪಿಕೊಳ್ಳುತ್ತೇನೆ.

“ತಲೈವರೇ, ಐದಕ್ಕೆ ಇನ್ನೂ ಒಂದು ಗಂಟೆ ಇದೆ,” ಎಂದರು ಟೀಚರ್. “ಈ ಹುಡುಗಿಯ ಜಾಗ?”

“ಇದೆ, ಇದೆ. ಕೊಟ್ಟೆ. ಇನ್ನು ಆ ಮಾತೇ ಬೇಡ,” ಎಂದು ಸೆನ್ನಿಯಪ್ಪನ್ ಕಣ್ಣೊರೆಸಿಕೊಂಡರು. “ಓದಿ, ಒಂದು ಸಲ ಎಲ್ಲರೂ ಇದ್ದಾರಾ ನೋಡಿಬಿಡೋಣ.”

ಟೀಚರ್ ಓದುತ್ತಾ ಹೋದರು. ಹೆಸರು ಕೇಳಿದವರು ಹೊರಗಿದ್ದರೆ “ಓ” ಎನ್ನುತ್ತಿದ್ದರು. ಒಳಸುತ್ತು ಮುಗಿಯಿತು. ಎರಡನೆಯದೂ ಮುಗಿಯಿತು. ಮೂರನೇ ಸುತ್ತಿನಲ್ಲಿ ಮೂವತ್ತೊಂಬತ್ತು, ನಲವತ್ತು...

ಟೀಚರ್ ನಿಂತರು.

ನಲವತ್ತೊಂದರ ಎದುರು ಹೆಸರಿರಲಿಲ್ಲ. #REF! ಎಂದಿತ್ತು. ಮುನ್ನೂರ ಅರವತ್ತರ ಗದ್ದಲದ ಹಿಂದೆ ಇಷ್ಟು ಹೊತ್ತೂ ಅಡಗಿದ್ದದ್ದು, ಗದ್ದಲ ಅಡಗಿದ ಮೇಲೆ ಒಂಟಿಯಾಗಿ ಕಾಣಿಸಿತು.

“ಇದೂ ನನ್ನ ಸುಳಿಯದ್ದೇನಾ?” ವಾದ್ಯಾರರ ದನಿ ಕುಗ್ಗಿತು.

“ಇಲ್ಲ ಅಣ್ಣಾ. ನೀವು ಒತ್ತಿದ್ದು ಸುತ್ತಿನ ಹಾಳೆಯಲ್ಲಿ. ಹೆಸರುಗಳು ಇರೋದು ಅದರ ಹಿಂದಿನ ಹಾಳೆಯಲ್ಲಿ. ಆ ಹಾಳೆಯಿಂದ ಒಂದು ಸಾಲನ್ನೇ ಯಾರೋ ಕಿತ್ತಿದ್ದಾರೆ. ಕೈತಪ್ಪಿ ಆಗೋ ಕೆಲಸವಲ್ಲ ಇದು; ಆ ಹಾಳೆಗೆ ಬೀಗ ಇದೆ.” ಟೀಚರ್ ಉಳಿದ ಹೆಸರುಗಳನ್ನು ಸರಸರನೆ ಕಣ್ಣಲ್ಲೇ ಓದಿ ಮುಗಿಸಿದರು. ಆಮೇಲೆ ಕುರ್ಚಿ ತಿರುಗಿಸಿದರು. “ಮುನ್ನೂರ ಐವತ್ತೊಂಬತ್ತು ಜನವೂ ಇದ್ದಾರೆ. ಇಲ್ಲದವಳು ನೀನೊಬ್ಬಳೇ, ಪೂಂಗೊಡಿ. ಆ ಬೀಗದ ಗುಟ್ಟು ಯಾರ ಹತ್ತಿರ ಇದೆ?”

ಹುಡುಗಿ ಕಡಲೆ ಸಿಪ್ಪೆಯ ಗುಡ್ಡೆಯನ್ನೇ ನೋಡುತ್ತಿದ್ದಳು.

“ನನ್ನ ಹತ್ತಿರ ಮಾತ್ರ ಟೀಚರ್. ನಾನೇ ಕಿತ್ತೆ. ನಿನ್ನೆ ಮಧ್ಯಾಹ್ನ, ಕಾಗದ ಅಚ್ಚಾದ ಮೇಲೆ.”

“ನಿನ್ನ ಜಾಗವನ್ನ ನೀನೇ?” ನನಗೆ ತಡೆಯಲಾಗಲಿಲ್ಲ. “ಏನಮ್ಮಿಣಿ, ನಿನಗೋಸ್ಕರ ಇಲ್ಲಿ ಯುದ್ಧ ಮಾಡ್ತಾ ಇದ್ವಿ! ಕುಣಿಯೋ ಆಸೆ ಇಲ್ವಾ?”

“ಇಲ್ದೇ ಇರುತ್ತಾ ಅಣ್ಣಾ?” ಅವಳು ತಲೆಯೆತ್ತಿದಳು. ಊದಿದ ಕಣ್ಣುಗಳಲ್ಲೂ ನಗು ಇತ್ತು. “ಮುಂದಿನ ವರ್ಷವೂ ಕುಮ್ಮಿ ಇರುತ್ತೆ, ನಾನೂ ಇರ್ತೀನಿ. ಈ ಸಲ ಆ ಜಾಗ ಬೇರೊಬ್ಬರದ್ದು. ಬರೋದು ಖಾತ್ರಿಯಾಗದೆ ಹೆಸರು ಹಾಕಬಾರದು ಅಂತ ಖಾಲಿ ಬಿಟ್ಟಿದ್ದೆ. ಸಂಜೆಯೊಳಗೆ ಬರ್ತಾರೆ.”

“ಯಾರು?” ಎಂದರು ಟೀಚರ್.

ಪೂಂಗೊಡಿ ತಿರುಗಿ ವಾದ್ಯಾರರನ್ನು ನೋಡಿದಳು.

ಮುದುಕರು ಗೋಡೆ ಹಿಡಿದು ಎದ್ದು ನಿಂತಿದ್ದರು. ಐವತ್ತು ವರ್ಷ ಮೈಕಿಲ್ಲದೆ ಹೊಲದಾಚೆಗೆ ಹಾಡಿದ ಗಂಟಲಿನಿಂದ ಈಗ ಮಗುವಿನಂಥ ಸಣ್ಣ ದನಿ ಬಂತು.

“ಒಪ್ಕೊಂಡ್ಳಾ?”

“ಆಗಲೇ ಫೋನ್ ಮಾಡಿದ್ರು ತಾತಾ. ‘ನನ್ನ ಅಳತೆಗೆ ಗೆಜ್ಜೆ ಇದೆಯಾ ಕೇಳು’ ಅಂದ್ರು.”

ವಾದ್ಯಾರ್ ನಕ್ಕರು. ಬರಿಗಾಲಲ್ಲಿ ನಿಂತಲ್ಲೇ ಎರಡು ಹೆಜ್ಜೆ ಹಾಕಿದರು. ಆ ಮುಖದ ಮೇಲಿನ ಬೆಳಕನ್ನು ನೋಡುತ್ತ ನಾನು ಯಾರು, ಏನು ಎಂದು ಕೇಳುವುದನ್ನೇ ಮರೆತೆ.

ಮರೆಯದವರು ಒಬ್ಬರಿದ್ದರು. ಬಾಗಿಲು ದಢಾರನೆ ಮುಚ್ಚಿಕೊಂಡಿತು. ಹೊರಗಿನ ಹಾಡು ತಟ್ಟನೆ ದೂರವಾಯಿತು. ಈಗಷ್ಟೇ ಕಣ್ಣೀರು ಬರುವಂತೆ ನಕ್ಕಿದ್ದ ಸೆನ್ನಿಯಪ್ಪನ್ ಬಾಗಿಲಿಗೆ ಬೆನ್ನು ಕೊಟ್ಟು ನಿಂತಿದ್ದರು.

“ಅವಳು ಆ ಹೊಲಕ್ಕೆ ಕಾಲಿಡೋ ಹಾಗಿಲ್ಲ,” ಎಂದರು.

ತುಳಸಿಮಣಿ ಟೀಚರ್ ಕನ್ನಡಕ ತೆಗೆದು, ಸೆರಗಿನ ತುದಿಯಿಂದ ನಿಧಾನವಾಗಿ ಒರೆಸಿದರು.

“ಯಾರು, ತಲೈವರೇ? ಆ ಹೆಸರನ್ನ ಈ ಕೋಣೆಯಲ್ಲಿ ಇನ್ನೂ ಯಾರೂ ಹೇಳೇ ಇಲ್ವಲ್ಲ.”